ಆರು ಕಿಲೋ ನಾನೂರು ಗ್ರಾಂ ಹಿಟ್ಟಿನ ಮೇಲೆ ದಾಳಿ

ನನ್ನ ಬಗ್ಗೆ ನಮ್ಮ ಕಟ್ಟಡದಲ್ಲಿ ಹಬ್ಬಿರುವ ಮಾತುಗಳಲ್ಲಿ ಅರ್ಧಕ್ಕರ್ಧ ಸುಳ್ಳು. ಅಧಿಕಾರಿಗಳನ್ನು ಕರೆಸಿ ಸ್ವಂತ ಹೆಂಡತಿಯ ಮೇಲೆ ದಾಳಿ ಮಾಡಿಸಿದೆ ಅನ್ನುತ್ತಾರೆ. ನಾನು ಯಾರನ್ನೂ ಕರೆಸಲಿಲ್ಲ. ದಾಳಿಯನ್ನು ನಾನೊಬ್ಬನೇ, ಭಾನುವಾರ ಬೆಳಗ್ಗೆ, ಪೈಜಾಮದಲ್ಲಿ ಮಾಡಿದೆ. ಸತ್ಯ ಇಷ್ಟೇ. ಇದನ್ನು ಕೇಳಿದ ಮೇಲೂ ನನ್ನನ್ನು ಬೈಯುವವರು ಬೈಯಬಹುದು, ಅದು ಅವರವರ ಸಂಸ್ಕಾರ.

ನಾನು ತೂಕ ಮತ್ತು ಅಳತೆ ಕಚೇರಿಯಲ್ಲಿ ಸೀಲು ಹಾಕುವವನು. ಅಂಗಡಿಯವರ ತಕ್ಕಡಿ ಸುಳ್ಳು ಹೇಳಿದರೆ ನಮ್ಮ ಸಾಹೇಬರು ಅದನ್ನು ವಶಪಡಿಸಿಕೊಳ್ಳುತ್ತಾರೆ. ಆಗ ನಾನು ತಂತಿ ಸುತ್ತಿ, ತಂತಿಯ ತುದಿಗೆ ಸೀಸದ ಗುಂಡು ಪೋಣಿಸಿ, ಇಕ್ಕಳದಲ್ಲಿ ಕಟಕ್ಕನೆ ಒತ್ತುತ್ತೇನೆ. ಗುಂಡಿನ ಮೇಲೆ ಇಲಾಖೆಯ ಮುದ್ರೆ ಮೂಡುತ್ತದೆ. ಅಲ್ಲಿಗೆ ಮುಗಿಯಿತು. ಸಾಹೇಬರು, ಆಪಾದಿತರು, ಇಬ್ಬರು ಸಾಕ್ಷಿಗಳು ಎದುರಿಗಿದ್ದರೆ ಮಾತ್ರ ಅದನ್ನು ಒಡೆಯಬಹುದು. ಬೇರೆ ಯಾರು ಮುಟ್ಟಿದರೂ ಅಪರಾಧ. ಇಪ್ಪತ್ತೆರಡು ವರ್ಷದಿಂದ ಆ ಇಕ್ಕಳ ನನ್ನ ಜೇಬಿನಲ್ಲಿದೆ. ಪೇಟೆಯಲ್ಲಿ ಎಲ್ಲರೂ ನನ್ನನ್ನು ಸೀಲಣ್ಣ ಅಂತಲೇ ಕರೆಯುವುದು. ನಾನು ಬೀದಿಯಲ್ಲಿ ಸುಮ್ಮನೆ ಕೆಮ್ಮಿದರೂ ಎರಡು ಅಂಗಡಿಯವರು ತಕ್ಕಡಿ ಒರೆಸಿಕೊಳ್ಳುತ್ತಾರೆ.

ಎಲ್ಲ ಶುರುವಾದದ್ದು ಒಂದು ಶುಕ್ರವಾರ, ಊಟದ ಹೊತ್ತಿನಲ್ಲಿ. ನಮ್ಮ ಕಚೇರಿಯ ಕ್ಯಾಂಟೀನ್ ನಡೆಸುತ್ತಿದ್ದವನು ಬಿಟ್ಟುಹೋಗಿ ತಿಂಗಳಾಗಿತ್ತು. ಆ ಜಾಗಕ್ಕೆ ಮೂರು ಅರ್ಜಿ ಬಂದಿದ್ದವು, ಅದರಲ್ಲಿ ಒಂದು ನನ್ನ ಹೆಂಡತಿಯದು. ಅವಳಿಗೆ ಆ ಕ್ಯಾಂಟೀನ್ ಯಾಕೆ ಬೇಕಿತ್ತು ಅನ್ನುವುದು ಮನೆಯಲ್ಲಿ ಎಲ್ಲರಿಗೂ ಗೊತ್ತು. ನಮ್ಮ ಅಮ್ಮನಿಗೆ ಒಂದು ಅಭ್ಯಾಸ. ಒಲೆ ಮೇಲೆ ಏನೇ ಇರಲಿ, ಪಕ್ಕದಲ್ಲಿ ಹಾದುಹೋಗುವಾಗ ಒಂದು ಚಿಟಿಕೆ ಉಪ್ಪು ಹಾಕಿಯೇ ಹೋಗುತ್ತಾರೆ. ರುಚಿ ನೋಡುವುದಿಲ್ಲ, ಕೇಳುವುದಿಲ್ಲ. ಕಾಯಿಸಲು ಇಟ್ಟ ನೀರಿಗೂ ಹಾಕಿದ್ದುಂಟು. ಮದುವೆಯಾಗಿ ಹದಿನೆಂಟು ವರ್ಷವಾದರೂ ಅಡುಗೆಮನೆಯಲ್ಲಿ ಉಪ್ಪಿನ ಕೊನೆಯ ಮಾತು ನನ್ನ ಹೆಂಡತಿಯದಾಗಿರಲಿಲ್ಲ.

"ನಂದೇ ಅಂತ ಒಂದು ಅಡುಗೆಮನೆ ಬೇಕು ರೀ," ಎಂದಿದ್ದಳು ಅರ್ಜಿ ತುಂಬುವಾಗ. "ನಾನು ಹಾಕಿದ್ದೇ ಉಪ್ಪು, ನಾನು ಹೇಳಿದ್ದೇ ಖಾರ. ನೂರು ಜನ ತಿಂದು ಚೆನ್ನಾಗಿದೆ ಅನ್ನಲಿ, ಚೆನ್ನಾಗಿಲ್ಲ ಅನ್ನಲಿ, ಅದು ನನ್ನ ಅಡುಗೇನೇ ಆಗಿರಬೇಕು."

ಅವಳ ಅರ್ಜಿ ತನ್ನ ಪಾಡಿಗೆ ತಾನು ಫೈಲಿನಲ್ಲಿತ್ತು. ಅದಕ್ಕೆ ನನ್ನ ಸಹಾಯ ಬೇಕಿರಲಿಲ್ಲ. ಆದರೆ ಆ ಶುಕ್ರವಾರ ಸಾಹೇಬರು ಡಬ್ಬಿ ತೆರೆದು ಒಳಗೆ ನೋಡಿ ನಿಟ್ಟುಸಿರು ಬಿಟ್ಟರು. ದಪ್ಪ ಮೀಸೆಯ ಮನುಷ್ಯ, ನಿಟ್ಟುಸಿರು ಬಿಟ್ಟರೆ ಮೀಸೆ ಎದ್ದು ಕೂರುತ್ತದೆ.

"ಮೂರು ಅರ್ಜೀನೂ ನೋಡಿದೆ ಕಣ್ರೀ. ಎಲ್ಲರೂ ಅದದೇ. ಬೇರೆ ಯಾವ ಕಚೇರೀಲೂ ಸಿಗದೇ ಇರೋದು ಏನಾದ್ರೂ ಮಾಡ್ತಾರಾ ಯಾರಾದ್ರೂ?"

ನಾನು ಸುಮ್ಮನಿರಬಹುದಿತ್ತು. ನಮ್ಮ ಮನೆಯ ಕಪಾಟಿನಲ್ಲಿ ಎಂಟು ತಿಂಗಳಿಂದ ಎರಡು ಬಾಟಲಿ ಮುಚ್ಚಳ ತೆಗೆಯದೆ ಕೂತಿದ್ದವು. ಹಡಗಿನಲ್ಲಿ ಅಡುಗೆ ಮಾಡುವ ನನ್ನ ಭಾವಮೈದ ತಂದುಕೊಟ್ಟಿದ್ದು. ಒಂದರಲ್ಲಿ ಇಥಿಯೋಪಿಯಾದ ಕೆಂಪು ಮಸಾಲೆ ಪುಡಿ, ಬರ್ಬೆರೆ ಅಂತ. ಇನ್ನೊಂದರಲ್ಲಿ ಕೊರಿಯಾದ ಮೆಣಸಿನಕಾಯಿ ಗೊಜ್ಜು, ಗೊಚುಜಾಂಗ್ ಅಂತ. ಗಾಳಿಗೆ ಪೇಪರು ಹಾರದಿರಲಿ ಅಂತ ನಾನು ಆಗಾಗ ಅವನ್ನು ತೆಗೆದು ಪೇಪರಿನ ಮೇಲೆ ಇಡುತ್ತಿದ್ದೆ. ಅವು ಆ ಗಳಿಗೆಯಲ್ಲಿ ಯಾಕೆ ಕಣ್ಣಮುಂದೆ ಬಂದವೋ ದೇವರೇ ಬಲ್ಲ.

"ಸಾರ್, ನನ್ನ ಹೆಂಡತಿ ತರಕಾರಿ ಪಕೋಡ ಮಾಡ್ತಾಳೆ," ಎಂದೆ. "ಇಥಿಯೋಪಿಯಾ, ಕೊರಿಯಾ ಎರಡೂ ರುಚಿ ಸೇರಿಸಿ. ಮನೇಲಿ ವಾರಕ್ಕೆರಡು ಸಲ ಆಗುತ್ತೆ."

ಸಾಹೇಬರ ಚಮಚ ಗಾಳಿಯಲ್ಲೇ ನಿಂತಿತು. "ಎರಡು ದೇಶ, ಒಂದೇ ಪಕೋಡದಲ್ಲಿ? ಮಂಗಳವಾರ ಸಾಯಂಕಾಲ ನಾಲ್ಕಕ್ಕೆ ಮೂವರದ್ದೂ ರುಚಿ ನೋಡ್ತೀನಿ. ನಿಮ್ಮವರು ಅದನ್ನೇ ತರಲಿ!"

ಮನೆಗೆ ಹೋಗಿ ಹೇಳಿದಾಗ ಹೆಂಡತಿ ಮೂಗಿನ ಮೇಲೆ ಬೆರಳಿಟ್ಟುಕೊಂಡಳು.

"ವಾರಕ್ಕೆರಡು ಸಲಾನಾ? ಯಾರ ಮನೇಲಿ?"

"ಬಾಯಿ ತಪ್ಪಿ ಬಂತು ಕಣೇ."

"ನಿಮ್ಮ ಬಾಯಿಗೆ ಆ ಸೀಲ್ ಹಾಕೋಕಾಗಲ್ವಾ?"

ಆದರೆ ಅವಳು ಕೈಕಟ್ಟಿ ಕೂರುವವಳಲ್ಲ. ರಜೆಯ ಮೇಲೆ ಬಂದಿದ್ದ ತಮ್ಮನಿಗೆ ಹೇಳಿ ಕಳುಹಿಸಿದಳು. ಭಾವಮೈದ ಶನಿವಾರ ಒಂದು ದೊಡ್ಡ ಪೊಟ್ಟಣ ಹಿಡಿದುಕೊಂಡು ಬಂದ. ಅದರಲ್ಲಿ ಟೆಫ್ ಹಿಟ್ಟಿತ್ತು. ಗಸಗಸೆಯಷ್ಟು ಸಣ್ಣ ಕಾಳಂತೆ, ಇಥಿಯೋಪಿಯಾದವರಿಗೆ ಅದೇ ಪ್ರಾಣವಂತೆ. ಭಾವಮೈದನಿಗೆ ಯಾವುದನ್ನೂ ಸಣ್ಣದಾಗಿ ಹೇಳಲು ಬರುವುದಿಲ್ಲ.

"ಅಕ್ಕಾ, ಈ ಹಿಟ್ಟನ್ನ ಅವರು ಎರಡು ಮೂರು ದಿನ ಹುಳಿ ಬರಿಸ್ತಾರೆ. ಕೊರಿಯಾದವರು ಎಲೆಕೋಸಿಗೆ ಉಪ್ಪು, ಬೆಳ್ಳುಳ್ಳಿ, ಶುಂಠಿ, ಖಾರ ಹಚ್ಚಿ ಜಾಡೀಲಿ ಹುಳಿ ಬರಿಸ್ತಾರೆ. ನಮ್ಮ ಹಡಗಲ್ಲಿ ಒಂದ್ಸಲ ಆ ಜಾಡಿ ಮುಚ್ಚಳ ಹಾರಿ ಕ್ಯಾಪ್ಟನ್ ಟೋಪಿ ಸಮುದ್ರಕ್ಕೆ ಬಿತ್ತು ಗೊತ್ತಾ?"

ಕ್ಯಾಪ್ಟನ್ ಟೋಪಿಯ ಕಥೆಯನ್ನು ನಾವು ಯಾರೂ ನಂಬಲಿಲ್ಲ. ನಂಬಬೇಕಿತ್ತು.

ಭಾನುವಾರ ಬೆಳಗ್ಗೆ ಹೆಂಡತಿ ಹಿಟ್ಟು ಕಲಸಿದಳು. ಕ್ಯಾರೆಟ್ಟು, ಈರುಳ್ಳಿ ಎಲೆ, ಆಲೂಗಡ್ಡೆ ಸಣ್ಣಗೆ ಹೆಚ್ಚಿ ಮಂಗಳವಾರ ಹಾಕುವುದು. ಎಲೆಕೋಸು ಮಾತ್ರ ಈಗಲೇ ಖಾರ ಹಚ್ಚಿ ಬೇರೆ ಪಾತ್ರೆಯಲ್ಲಿ ಇಡುವುದು ಅಂತ ಅವಳ ಲೆಕ್ಕ. ನಾನು ಬುದ್ಧಿ ಹೇಳಿದೆ. ಎರಡೂ ಹುಳಿ ಬರಬೇಕಾದದ್ದೇ ಅಂದಮೇಲೆ ಎರಡು ಪಾತ್ರೆ ಯಾಕೆ, ಒಂದರಲ್ಲೇ ಹಾಕು ಎಂದೆ. ಅವಳು ನನ್ನನ್ನು ಒಂದು ಥರಾ ನೋಡಿದಳು, ಭಾವಮೈದ "ಭಾವ ಹೇಳೋದರಲ್ಲೂ ಒಂದು ಪಾಯಿಂಟ್ ಇದೆ ಅಕ್ಕ" ಅಂದ. ಎರಡೂ ಒಂದೇ ಪಾತ್ರೆಗೆ ಬಿದ್ದವು. ಬಿಗಿ ಮುಚ್ಚಳದ, ಎರಡು ಕಡೆ ಕೊಂಡಿ ಇರುವ ದೊಡ್ಡ ಸ್ಟೀಲ್ ಪಾತ್ರೆ.

ಅಷ್ಟರಲ್ಲಿ ಅಮ್ಮ ಅಡುಗೆಮನೆ ಬಾಗಿಲಲ್ಲಿ ಕಾಣಿಸಿಕೊಂಡರು. ಬಲಗೈಯ ಹೆಬ್ಬೆರಳು ತೋರುಬೆರಳು ಆಗಲೇ ಒಂದಕ್ಕೊಂದು ಅಂಟಿದ್ದವು. ಹೆಂಡತಿ ಪಾತ್ರೆಗೆ ಅಡ್ಡ ನಿಂತು, ನನ್ನ ಕಿವಿಯಲ್ಲಿ ಹೇಳಿದಳು:

"ನಾನು ಸ್ನಾನಕ್ಕೆ ಹೋಗ್ತೀನಿ. ಅತ್ತೆ ಕೈಗೆ ಸಿಗದ ಹಾಗೆ ಇದನ್ನ ಭದ್ರ ಮಾಡಿ. ನಿಮ್ಮ ದಮ್ಮಯ್ಯ, ಮಂಗಳವಾರದವರೆಗೆ ಯಾರೂ ಇದನ್ನ ತೆಗೀಬಾರದು."

ಭದ್ರ ಮಾಡುವುದು ನನಗೆ ಇನ್ನೊಬ್ಬರು ಹೇಳಿಕೊಡಬೇಕೇ? ಕೊಂಡಿಗಳ ಮೂಲಕ ತಂತಿ ಎಳೆದೆ, ಎರಡು ಸುತ್ತು ಹಾಕಿದೆ, ಗುಂಡು ಪೋಣಿಸಿದೆ, ಒತ್ತಿದೆ. ಕಟಕ್. ಇಕ್ಕಳ ಒತ್ತಿದ ಮೇಲೆ ನನ್ನ ಕೈ ನನ್ನ ಮಾತು ಕೇಳುವುದಿಲ್ಲ. ಇಪ್ಪತ್ತೆರಡು ವರ್ಷದ ರೂಢಿ. ಅದು ತಾನಾಗಿಯೇ ಕಚೇರಿಯ ಚೀಲಕ್ಕೆ ಹೋಗಿ ಚೀಟಿ ಪುಸ್ತಕ ತೆಗೆಯಿತು, ಪೆನ್ನು ತೆಗೆಯಿತು, ಬರೆಯಿತು.

ವಸ್ತು: ಹಿಟ್ಟು. ತೂಕ: ಆರು ಕಿಲೋ ನಾನೂರು ಗ್ರಾಂ, ಪಾತ್ರೆ ಬಿಟ್ಟು. (ತೂಕ ಮಾಡದೆ ಬರೆಯುವವನು ನಾನಲ್ಲ.) ಯಾರ ವಶದಲ್ಲಿತ್ತು: ಹೆಂಡತಿ. ವಶಪಡಿಸಿಕೊಳ್ಳಲು ಕಾರಣ: ಉಪ್ಪು ಹೆಚ್ಚಾಗುವ ಅನುಮಾನ. ಕೆಳಗೆ ವಿಳಾಸ, ತಾರೀಕು, ನನ್ನ ಸಹಿ. ಚೀಟಿ ಹರಿದು ತಂತಿಗೆ ಕಟ್ಟಿದೆ.

ಅಮ್ಮ ಪಾತ್ರೆಯ ಸುತ್ತ ಎರಡು ಸುತ್ತು ಬಂದರು. ಮುಚ್ಚಳದ ಸಂದಿನಲ್ಲಿ ಬೆರಳು ಹೋಗುತ್ತದೋ ನೋಡಿದರು. ಹೋಗಲಿಲ್ಲ. "ಅಯ್ಯೋ ಬೆಪ್ಪುತಕ್ಕಡಿ, ಹಿಟ್ಟಿಗೂ ಕೈಕೋಳ ಹಾಕ್ತಾರೇನೋ?" ಎಂದು ಬೈದು ಹೋದರು. ನನಗೆ ಬಹಳ ಸಮಾಧಾನವಾಯಿತು.

ಆ ಚೀಟಿ ಪುಸ್ತಕದ ವಿಷಯ ಒಂದು ಹೇಳಬೇಕು. ಅದರಲ್ಲಿ ಕಾರ್ಬನ್ ಇಟ್ಟು ಬರೆಯುತ್ತೇವೆ. ಒಂದು ಚೀಟಿಗೆ ಮೂರು ಪ್ರತಿ. ಮೊದಲನೆಯದು ವಸ್ತುವಿಗೆ, ಮೂರನೆಯದು ಪುಸ್ತಕದಲ್ಲೇ ಉಳಿಯಲು. ಎರಡನೆಯದನ್ನು ಪ್ರತಿ ಸೋಮವಾರ ಬೆಳಗ್ಗೆ ನಮ್ಮ ರಿಜಿಸ್ಟರ್ ಮೇಡಂ ಹರಿದುಕೊಂಡು ದಾಖಲೆ ಮಾಡುತ್ತಾರೆ. ಎಲ್ಲದಕ್ಕೂ ಅಚ್ಚಾದ ನಂಬರು ಇದೆ, ನಡುವೆ ಒಂದು ನಂಬರು ಮಾಯವಾದರೆ ತನಿಖೆ. ಇಷ್ಟೆಲ್ಲ ನನಗೆ ಗೊತ್ತಿತ್ತು. ಭಾನುವಾರ ಮಾತ್ರ ಮರೆತುಹೋಗಿತ್ತು.

ಸೋಮವಾರ ಹತ್ತು ಗಂಟೆಗೆ ರಿಜಿಸ್ಟರ್ ಮೇಡಂ ಕನ್ನಡಕವನ್ನು ಹಣೆಗೇರಿಸಿ, ಮತ್ತೆ ಮೂಗಿಗಿಳಿಸಿ, ಎದ್ದು ನಿಂತರು.

"ಸೀಲಣ್ಣಾ! ರಜಾ ದಿನ ದಾಳಿ ಮಾಡಿದ್ದೀರಾ?"

ನಾನು ಬಾಯಿ ತೆರೆಯುವಷ್ಟರಲ್ಲಿ ಅವರು ಗಟ್ಟಿಯಾಗಿ ಓದತೊಡಗಿದ್ದರು. "ಯಾರ ವಶದಲ್ಲಿತ್ತು, ಹೆಂಡತಿ. ವಿಳಾಸ..." ಇಲ್ಲಿ ಅವರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. "ಇದು ನಿಮ್ಮನೇ ವಿಳಾಸ! ಸ್ವಂತ ಮನೆ ಮೇಲೆ ದಾಳಿ!"

ಇಡೀ ಕಚೇರಿ ಎದ್ದಿತು. ಟೈಪು ಮಾಡುತ್ತಿದ್ದವರು ನಿಲ್ಲಿಸಿದರು. ಸಾಹೇಬರು ಕೋಣೆಯಿಂದ ಹೊರಬಂದು ಚೀಟಿಯನ್ನು ಎರಡು ಸಲ ಓದಿ, ನನ್ನ ಎರಡೂ ಕೈ ಹಿಡಿದುಕೊಂಡರು. ಇಪ್ಪತ್ತೆರಡು ವರ್ಷದಲ್ಲಿ ಅವರು ನನ್ನ ಕೈ ಹಿಡಿದದ್ದು ಅದೇ ಮೊದಲು.

"ನೋಡ್ರೀ ಎಲ್ಲರೂ! ಮನುಷ್ಯ ಅಂದ್ರೆ ಇವರು. ಹೆಂಡತಿ ಅಂತ ನೋಡಲಿಲ್ಲ, ಭಾನುವಾರ ಅಂತ ನೋಡಲಿಲ್ಲ. ತಪ್ಪು ಕಂಡ ಕೂಡಲೇ ಸೀಲ್! ನನ್ನ ಕೈಲಿ ಆಗ್ತಿತ್ತಾ? ನಮ್ಮನೆಯವಳಿಗೆ ಸೀಲ್ ಹಾಕೋದಿರಲಿ, ಎದುರು ಮಾತಾಡೋಕೂ ನನಗೆ ಧೈರ್ಯ ಇಲ್ಲ."

ಚಪ್ಪಾಳೆ ಬಿತ್ತು. ಮಹನೀಯರೇ, ನೀವೇ ಹೇಳಿ. ಇಪ್ಪತ್ತೆರಡು ವರ್ಷ ಯಾರೂ ತಲೆಯೆತ್ತಿ ನೋಡದ ಮನುಷ್ಯನಿಗೆ ಇಡೀ ಕಚೇರಿ ಚಪ್ಪಾಳೆ ತಟ್ಟುತ್ತಿರುವಾಗ "ಇಲ್ಲ ಸಾರ್, ಅದು ನಮ್ಮಮ್ಮ ಉಪ್ಪು ಹಾಕ್ತಾರೆ ಅಂತ" ಎಂದು ಹೇಳಲು ನಾಲಿಗೆ ಹೇಗೆ ಏಳುತ್ತದೆ? ನಾನು ತಲೆ ತಗ್ಗಿಸಿದೆ. ಅದನ್ನು ಅವರು ವಿನಯ ಅಂದುಕೊಂಡರು.

"ಮೇಲಿನ ಕಚೇರಿಗೆ ಬರೀತೀನಿ, ಮೆಚ್ಚುಗೆ ಪತ್ರ ಬರಲಿ," ಎಂದರು ಸಾಹೇಬರು. ಆಮೇಲೆ ದನಿ ತಗ್ಗಿಸಿದರು. "ಒಂದೇ ನೋವು. ನಮ್ಮ ಇಲಾಖೇಲಿ ಕೇಸಿರೋರಿಗೆ ನಮ್ಮದೇ ಕ್ಯಾಂಟೀನ್ ಕೊಡೋಕಾಗಲ್ಲ. ನಿಮ್ಮವರ ಅರ್ಜಿ ಹೋಯ್ತು ಅಂತಲೇ ಲೆಕ್ಕ. ಅದೂ ಗೊತ್ತಿದ್ದೇ ಸೀಲ್ ಹಾಕಿದಿರಲ್ಲಾ, ಆ ಎದೆಗಾರಿಕೆಗೆ ಏನನ್ನಲಿ!"

ನನಗೆ ಗೊತ್ತಿರಲಿಲ್ಲ.

"ಸಾರ್... ಕೇಸು ಬಿಡಿಸೋ ದಾರಿ?"

"ನಾಳೆ ಹನ್ನೊಂದಕ್ಕೆ ನಾನೇ ಬಂದು ಸೀಲ್ ಒಡೆದು ತೂಕ ಮಾಡ್ತೀನಿ. ಬರೆದಿರೋ ತೂಕಕ್ಕೆ ಸರಿ ಬಂದ್ರೆ ಕೇಸು ವಜಾ. ಕಮ್ಮಿ ಬಂತೋ, ಕಳ್ಳತೂಕ. ಆಮೇಲೆ ನಾನೂ ಏನೂ ಮಾಡೋಕಾಗಲ್ಲ."

ನಾನು ಉಸಿರು ಬಿಟ್ಟೆ. ತೂಕ ಮಾಡಿದವನು ನಾನು. ಒಂದು ಗ್ರಾಂ ಹೆಚ್ಚುಕಮ್ಮಿ ಇರಲು ಸಾಧ್ಯವಿಲ್ಲ. ಪಾತ್ರೆ ಸರಿಯಾಗಿ ತೂಗುತ್ತದೆ, ಕೇಸು ವಜಾ ಆಗುತ್ತದೆ, ಹೆಂಡತಿಗೆ ಕ್ಯಾಂಟೀನು ಸಿಗುತ್ತದೆ, ನನಗೆ ಮೆಚ್ಚುಗೆ ಪತ್ರ ಸಿಗುತ್ತದೆ. ಯಾರಿಗೂ ಏನೂ ಹೇಳಬೇಕಾದ ಅಗತ್ಯವೇ ಇಲ್ಲ. ಇಂಥ ಒಳ್ಳೆಯ ಉಪಾಯ ನನಗೆ ಜೀವಮಾನದಲ್ಲಿ ಹೊಳೆದಿರಲಿಲ್ಲ.

ಸಂಜೆ ಮನೆಗೆ ಬರುವಷ್ಟರಲ್ಲಿ ಸುದ್ದಿ ನನಗಿಂತ ಮುಂಚೆ ಮೆಟ್ಟಿಲು ಹತ್ತಿತ್ತು. ನಮ್ಮ ಕಚೇರಿಯವರೊಬ್ಬರು ಕೆಳಗಿನ ಮನೆಯ ಟೈಲರಿಗೆ ಪ್ಯಾಂಟು ಹೊಲಿಯಲು ಕೊಡುತ್ತಾರೆ. ಟೈಲರ್ ಅಳತೆ ಪಟ್ಟಿ ಕೊರಳಿಗೆ ಹಾಕಿಕೊಂಡು ಬಾಗಿಲಲ್ಲೇ ಕಾದಿದ್ದ.

"ಸೀಲಣ್ಣಾ, ನನ್ನ ಪಟ್ಟಿ ಸರಿಯಾಗೇ ಇದೆ ಅಣ್ಣಾ. ಬೇಕಾದ್ರೆ ನೋಡಿ. ಹೆಂಡತೀನೇ ಬಿಡದೋರು ನನ್ನ ಬಿಡ್ತೀರಾ?"

ಮೇಲಿನ ಮನೆಯ ನರ್ಸಮ್ಮ ನನ್ನನ್ನು ನೋಡಿ ಮಕ್ಕಳನ್ನು ಒಳಗೆ ಕರೆದುಕೊಂಡರು. ನಮ್ಮ ಮನೆಯ ಫೋನು ಮಧ್ಯಾಹ್ನದಿಂದ ಒಂದೇ ಸಮ ಬಡಿದುಕೊಳ್ಳುತ್ತಿತ್ತಂತೆ. ಹೆಂಡತಿಯ ದೊಡ್ಡಮ್ಮ ಮಾಡಿ, "ಜಾಮೀನು ಬೇಕಾದ್ರೆ ನಿಮ್ಮ ದೊಡ್ಡಪ್ಪನ್ನ ಕಳಿಸ್ತೀನಿ, ಅಳಬೇಡ" ಎಂದರಂತೆ. ಚಿಕ್ಕಪ್ಪ ಮಾಡಿ, "ಅವನನ್ನ ನೋಡಿದಾಗಲೇ ಅಂದಿದ್ದೆ" ಎಂದರಂತೆ. ಏನಂದಿದ್ದರು ಅನ್ನುವುದನ್ನು ಹೆಂಡತಿ ನನಗೆ ಹೇಳಲಿಲ್ಲ. ಯಾಕೆಂದರೆ ಅವಳು ನನ್ನ ಜೊತೆ ಮಾತು ಬಿಟ್ಟಿದ್ದಳು.

"ಅತ್ತೆ, ಆ ಸೀಲಿನವರಿಗೆ ಹೇಳಿ," ಎಂದಳು ಗೋಡೆಯ ಕಡೆ ತಿರುಗಿ, "ನಾನು ಉಪ್ಪಿನಿಂದ ಕಾಪಾಡಿ ಅಂದೆ, ಜೈಲಿಗೆ ಹಾಕಿ ಅನ್ನಲಿಲ್ಲ ಅಂತ."

"ನೋಡಮ್ಮಾ, ನಾಳೆ ಹನ್ನೊಂದಕ್ಕೆ ಎಲ್ಲಾ ಸರಿ ಹೋಗುತ್ತೆ ಅಂತ ಹೇಳು," ಎಂದೆ ನಾನು ಅಮ್ಮನಿಗೆ.

"ನಾನೇನು ನಿಮ್ಮಿಬ್ಬರ ಪೋಸ್ಟ್‌ಮ್ಯಾನಾ?" ಎಂದರು ಅಮ್ಮ.

ಭಾವಮೈದ ಮಾತ್ರ ಪಾತ್ರೆಯ ಮುಂದೆ ಕುಕ್ಕರಗಾಲಲ್ಲಿ ಕೂತಿದ್ದ. "ಭಾವಾ, ಇದು ಮಾತಾಡ್ತಿದೆ," ಎಂದ. ನಾನೂ ಕಿವಿಗೊಟ್ಟೆ. ಒಳಗಿನಿಂದ ಬುಸ್ ಬುಸ್ ಅನ್ನುವ ಸದ್ದು. ಮುಚ್ಚಳ ನಡುವೆ ಸ್ವಲ್ಪ ಉಬ್ಬಿತ್ತು. "ಎರಡು ಹುಳೀನೂ ಒಳಗೆ ಜಗಳ ಆಡ್ತಿವೆ. ಸ್ವಲ್ಪ ಸಡಿಲ ಮಾಡಿದ್ರೆ ಒಳ್ಳೇದು ಭಾವಾ."

"ಸೀಲ್ ಒಡೆಯೋದು ಅಪರಾಧ ಕಣಯ್ಯಾ."

"ಕ್ಯಾಪ್ಟನ್ನೂ ಇದೇ ಥರಾ ಏನೋ ಅಂದಿದ್ರು."

ಮಂಗಳವಾರ ಹನ್ನೊಂದಕ್ಕೆ ಸರಿಯಾಗಿ ಸಾಹೇಬರು ಬಂದರು. ಅವರ ಹಿಂದೆ ರಿಜಿಸ್ಟರ್ ಮೇಡಂ, ಅವರ ಕೈಯಲ್ಲಿ ಇಲಾಖೆಯ ತಕ್ಕಡಿ ಮತ್ತು ದೊಡ್ಡ ಪುಸ್ತಕ. ಸಾಕ್ಷಿಗಳಾಗಿ ಟೈಲರ್ ಮತ್ತು ನರ್ಸಮ್ಮ. ಉಳಿದವರೆಲ್ಲ ಮೆಟ್ಟಿಲ ಮೇಲೆ. ನಮ್ಮ ಅಡುಗೆಮನೆ ಎಂಟಡಿ ಉದ್ದ, ಆರಡಿ ಅಗಲ. ಅದರಲ್ಲಿ ಅಷ್ಟು ಜನ ಹೇಗೆ ಹಿಡಿದರೋ ಗೊತ್ತಿಲ್ಲ. ಪಾತ್ರೆ ಒಲೆಯ ಪಕ್ಕದ ಕಟ್ಟೆಯ ಮೇಲಿತ್ತು. ಮುಚ್ಚಳ ಈಗ ಚೆನ್ನಾಗಿಯೇ ಉಬ್ಬಿತ್ತು, ತಂತಿ ಬಿಗಿದು ಟಿಣ್ ಟಿಣ್ ಅನ್ನುತ್ತಿತ್ತು.

"ಆಪಾದಿತರು ಯಾರು?" ಎಂದರು ಸಾಹೇಬರು.

"ನಾನೇ," ಎಂದಳು ಹೆಂಡತಿ. ಒಳ್ಳೆಯ ಬಟ್ಟೆ ಹಾಕಿ, ತಲೆ ಬಾಚಿಕೊಂಡು, ನಾಲ್ಕು ಗಂಟೆಗೆ ಹೊರಡಲು ಬೇಕಾದ ತಟ್ಟೆ, ಜಾಲರಿ ಚಮಚ, ಹೆಚ್ಚಿದ ತರಕಾರಿ ಎಲ್ಲ ಬುಟ್ಟಿಯಲ್ಲಿ ಜೋಡಿಸಿ ಇಟ್ಟುಕೊಂಡಿದ್ದಳು. ನಾನು ಆ ಬುಟ್ಟಿಯ ಕಡೆ ನೋಡದೆ ತಕ್ಕಡಿ ಒರೆಸತೊಡಗಿದೆ.

ಸಾಹೇಬರು ಚೀಟಿ ಓದಿದರು, ಸಾಕ್ಷಿಗಳಿಗೆ ಮುದ್ರೆ ತೋರಿಸಿದರು, ಸರಿಯಾಗಿ ನೋಡಲು ಮುಖವನ್ನು ಪಾತ್ರೆಯ ಹತ್ತಿರ ತಂದು ತಂತಿ ಕತ್ತರಿಸಿದರು.

ಭಾವಮೈದ "ಸಾರ್, ಹಿಂದೆ!" ಎಂದ. ಆದರೆ ಸಾಹೇಬರು ಹಿಂದೆ ಸರಿಯುವ ಜಾತಿಯವರಲ್ಲ.

ಢಂ ಎಂದಿತು. ಮುಚ್ಚಳ ಚಾವಣಿಗೆ ಹೋಗಿ ಬಡಿದು ಟೈಲರನ ಭುಜದ ಮೇಲೆ ಬಿತ್ತು. ಟೈಲರ್ "ಅಯ್ಯೋ, ಸತ್ತೆ!" ಎಂದು ನರ್ಸಮ್ಮನನ್ನು ತಬ್ಬಿಕೊಂಡ. ಕೆಂಪನೆ ಹಿಟ್ಟು ಚಾವಣಿಗೆ, ಕಿಟಕಿಗೆ, ರಿಜಿಸ್ಟರ್ ಮೇಡಂ ಅವರ ಪುಸ್ತಕಕ್ಕೆ, ಎಲ್ಲಕ್ಕಿಂತ ಹೆಚ್ಚಾಗಿ ಸಾಹೇಬರ ಮುಖಕ್ಕೆ ಹಾರಿತ್ತು. ಹೊಗೆ ಕಾರಿದ ಹಾಗೆ ಬೆಳ್ಳುಳ್ಳಿ ವಾಸನೆ ಮನೆಯೆಲ್ಲ ತುಂಬಿತು. ಮೆಟ್ಟಿಲ ಮೇಲಿದ್ದವರು ಒಬ್ಬರ ಮೇಲೊಬ್ಬರು ಬಿದ್ದು ಕೆಳಗೆ ಓಡಿದರು. ಸಾಹೇಬರು ಮಾತ್ರ ಅಲುಗದೆ ನಿಂತಿದ್ದರು. ಎರಡು ಕಣ್ಣು ಬಿಟ್ಟರೆ ಅವರ ಮುಖದಲ್ಲಿ ನಮಗೆ ಪರಿಚಯವಿದ್ದದ್ದು ಏನೂ ಇರಲಿಲ್ಲ.

"ತೂಕ ಮಾಡಿ," ಎಂದರು. ಏನೇ ಹೇಳಿ, ಅಧಿಕಾರಿ ಅಂದರೆ ಅವರು.

ಪಾತ್ರೆಯಲ್ಲಿ ಉಳಿದದ್ದನ್ನು ತೂಗಿದರು. ಐದು ಕಿಲೋ ಆರುನೂರು. ಎಂಟುನೂರು ಗ್ರಾಂ ಕಮ್ಮಿ.

"ಸಾರ್, ಗೋಡೆ ಮೇಲಿದೆ!" ಎಂದೆ. ಚಮಚ ಹಿಡಿದು ಗೋಡೆ ಕೆರೆದೆ, ಕಿಟಕಿ ಕೆರೆದೆ, ಒಲೆ ಕೆರೆದೆ. ಭಾವಮೈದ ಟೈಲರನ ಭುಜ ಒರೆಸಿಕೊಟ್ಟ. ರಿಜಿಸ್ಟರ್ ಮೇಡಂ ತಮ್ಮ ಪುಸ್ತಕದ ಮೇಲಿನದನ್ನು ಸ್ಕೇಲಿನಿಂದ ನಾಜೂಕಾಗಿ ತೆಗೆದು ತಕ್ಕಡಿಗೆ ಹಾಕಿದರು. ಆರು ಕಿಲೋ ನೂರ ಐವತ್ತು.

"ಸಾರ್, ಕ್ಷಮಿಸಬೇಕು, ನಿಮ್ಮ ಮೀಸೇಲಿ..."

ಸಾಹೇಬರು ಕುರ್ಚಿಯಲ್ಲಿ ಕೂತು ಮುಖ ಮೇಲೆತ್ತಿದರು. ನಾನು ಸಣ್ಣ ಚಮಚದಲ್ಲಿ ಗಲ್ಲ, ಹಣೆ, ಕಿವಿ ಎಲ್ಲ ಬಳಿದು ತೆಗೆದೆ. ಮೀಸೆಗೆ ಬಂದಾಗ ಅವರ ನಾಲಿಗೆ ಮೆಲ್ಲಗೆ ಹೊರಗೆ ಬಂದು ಬಲತುದಿಯನ್ನು ಸವರಿ ಒಳಗೆ ಹೋಯಿತು. ಕಣ್ಣು ದೊಡ್ಡವಾದವು. ನಾಲಿಗೆ ಮತ್ತೆ ಹೊರಗೆ ಬಂತು, ಈ ಸಲ ಎಡತುದಿಗೆ.

"ಸಾರ್!" ಎಂದು ಚೀರಿದರು ರಿಜಿಸ್ಟರ್ ಮೇಡಂ. "ಸಾಕ್ಷ್ಯ ನುಂಗಬೇಡಿ!"

ಸಾಹೇಬರು ನಾಚಿ ಬಾಯಿ ಮುಚ್ಚಿಕೊಂಡರು. ಎಲ್ಲ ಸೇರಿಸಿ ಆರು ಕಿಲೋ ನೂರ ತೊಂಬತ್ತು. ಇನ್ನೂ ಇನ್ನೂರ ಹತ್ತು ಗ್ರಾಂ ಬೇಕು. ಎಲ್ಲರೂ ಮೇಲೆ ನೋಡಿದೆವು. ಅದು ಚಾವಣಿಯ ಮೇಲೆ, ದೊಡ್ಡ ಕೆಂಪು ಹೂವಿನಂತೆ, ಗಟ್ಟಿಯಾಗಿ ಅಂಟಿಕೊಂಡಿತ್ತು. ಮೇಜಿನ ಮೇಲೆ ಕುರ್ಚಿ, ಕುರ್ಚಿಯ ಮೇಲೆ ನಾನು. ಸೌಟಿನಲ್ಲಿ ಕೆರೆದರೆ ಸುಣ್ಣವೂ ಜೊತೆಗೆ ಉದುರಿತು. ಸುಣ್ಣ ಸೇರಿದ್ದು ಲೆಕ್ಕಕ್ಕಿಲ್ಲ ಎಂದರು ಮೇಡಂ. ನಿಯಮ ಅವರದ್ದಲ್ಲ, ಪುಸ್ತಕದ್ದು.

ಸಾಹೇಬರು ಪೆನ್ನು ತೆಗೆದರು. ಅವರ ಮುಖದಲ್ಲಿ ನಿಜವಾದ ಬೇಸರವಿತ್ತು.

"ತಾಯಿ, ನನಗೆ ಬೇರೆ ದಾರಿಯಿಲ್ಲ. ಬರೆದದ್ದಕ್ಕಿಂತ ಇನ್ನೂರ ಹತ್ತು ಗ್ರಾಂ ಕಮ್ಮಿ. ಇದನ್ನ ಕಳ್ಳತೂಕ ಅಂತಲೇ ಬರೀಬೇಕು. ಕ್ಯಾಂಟೀನ್ ಅರ್ಜಿ ಇಲ್ಲಿಗೆ ಮುಗೀತು."

ಹೆಂಡತಿ ಅಳಲಿಲ್ಲ. ಬುಟ್ಟಿಯಲ್ಲಿದ್ದ ತಟ್ಟೆಗಳನ್ನು ಒಂದೊಂದಾಗಿ ತೆಗೆದು ಕಪಾಟಿನಲ್ಲಿ ವಾಪಸ್ಸು ಇಡತೊಡಗಿದಳು. ಅಮ್ಮ ಅವಳ ಪಕ್ಕ ಹೋಗಿ ನಿಂತು, ಏನು ಮಾಡಬೇಕೋ ತೋಚದೆ ಒಂದು ತಟ್ಟೆಯನ್ನು ಸೆರಗಿನಲ್ಲಿ ಒರೆಸಿಕೊಟ್ಟರು. ಕುರ್ಚಿಯ ಮೇಲೆ, ಚಾವಣಿಯ ಹತ್ತಿರ, ಸೌಟು ಹಿಡಿದು ನಿಂತಿದ್ದ ನನಗೆ ಅದೆಲ್ಲ ಮೇಲಿನಿಂದ ಕಾಣಿಸಿತು. ತಡೆಯಲಾಗಲಿಲ್ಲ.

"ಸಾರ್, ಬರೀಬೇಡಿ!" ಎಂದು ಕೂಗಿದೆ. "ದಾಳಿ ಗೀಳಿ ಏನೂ ಇಲ್ಲ. ನಮ್ಮಮ್ಮ ಉಪ್ಪು ಹಾಕ್ತಾರೆ ಅಂತ ಪಾತ್ರೆ ಭದ್ರ ಮಾಡು ಅಂದಳು ಇವಳು. ನಾನು ಬುದ್ಧಿಯಿಲ್ಲದೆ ಇಲಾಖೆ ಸೀಲ್ ಹಾಕಿದೆ. ನೀವೆಲ್ಲ ಚಪ್ಪಾಳೆ ಹೊಡೆದ್ರಿ ಅಂತ ಬಾಯಿ ಬಿಡಲಿಲ್ಲ. ತಪ್ಪು ನಂದು ಸಾರ್. ಪೂರ್ತಿ ನಂದೇ."

ಸಾಹೇಬರು ಪೆನ್ನಿನ ಮುಚ್ಚಳ ಹಾಕಿದರು.

"ಇಲಾಖೆ ಸೀಲು, ಮನೆ ಪಾತ್ರೆಗಾ?" ಎಂದರು. "ನಿನ್ನೆ ಇಡೀ ರಾತ್ರಿ ಕೂತು ನಿಮ್ಮ ಬಗ್ಗೆ ಎರಡು ಪುಟ ಬರೆದೆ ಕಣ್ರೀ. ನಮ್ಮನೆಯವಳಿಗೂ ಓದಿ ಹೇಳಿದೆ." ಆಮೇಲೆ ಕೈ ಚಾಚಿದರು. "ಇಕ್ಕಳ ಕೊಡಿ."

ಕುರ್ಚಿ ಇಳಿದು ಜೇಬಿನಿಂದ ಇಕ್ಕಳ ತೆಗೆದುಕೊಟ್ಟೆ. ಇಪ್ಪತ್ತೆರಡು ವರ್ಷದಿಂದ ಆ ಕಡೆ ಜೋಲುತ್ತಿದ್ದ ಜೇಬು ಖಾಲಿಯಾಯಿತು. ನನಗೆ ದುಃಖವಾಯಿತು, ಸುಳ್ಳು ಯಾಕೆ ಹೇಳಲಿ.

ರಿಜಿಸ್ಟರ್ ಮೇಡಂ ಮೂಗು ಒರೆಸಿಕೊಂಡು ಪುಸ್ತಕದಲ್ಲಿ ಬರೆದರು: ಸೀಲು ದುರುಪಯೋಗ, ಸಿಬ್ಬಂದಿಯ ತಪ್ಪು, ವಸ್ತುವಿನ ಮೇಲೆ ಯಾವುದೇ ಕೇಸಿಲ್ಲ. ಸಾಹೇಬರು ಸಹಿ ಹಾಕಿದರು. ಹಾಕಿ, ಎದ್ದು ನಿಂತು, ಕೂತು, ಮತ್ತೆ ಎದ್ದರು.

"ಹಾಗಾದ್ರೆ ತಾಯಿ, ಇದು ಈಗ ಸಾಕ್ಷ್ಯ ಅಲ್ಲ. ಬರೀ ಹಿಟ್ಟು. ಅಲ್ವಾ?"

"ಹೌದು ಸಾರ್."

"ನಾಲ್ಕು ಗಂಟೇಗೆ ತರ್ತೀರಾ?" ಎನ್ನುತ್ತ ಮೀಸೆಯ ತುದಿಯನ್ನು ಇನ್ನೊಮ್ಮೆ ಪರೀಕ್ಷಿಸಿದರು. ಈ ಸಲ ಮೇಡಂ ಏನೂ ಅನ್ನಲಿಲ್ಲ.

"ತರ್ತೀನಿ ಸಾರ್. ಆದರೆ ಗೋಡೆಯಿಂದ ಕೆರೆದದ್ದಲ್ಲ. ಪಾತ್ರೆ ತಳದಲ್ಲಿ ಚೊಕ್ಕವಾಗಿ ಉಳಿದಿದೆಯಲ್ಲ, ಅದರಲ್ಲಿ ಮಾಡ್ತೀನಿ," ಎಂದಳು ಹೆಂಡತಿ, ಕಪಾಟಿಗೆ ಹೋಗಿದ್ದ ತಟ್ಟೆಗಳನ್ನು ಮತ್ತೆ ಬುಟ್ಟಿಗೆ ಇಳಿಸುತ್ತ.

ನಾಲ್ಕು ಗಂಟೆಗೆ ಕಚೇರಿಯ ಹಿಂದಿನ ಕೋಣೆಯಲ್ಲಿ ಅವಳು ಎಣ್ಣೆ ಕಾಯಿಸಿದಳು. ಹುಳಿ ಬಂದ ಟೆಫ್ ಹಿಟ್ಟು, ಖಾರ ಹಚ್ಚಿದ ಎಲೆಕೋಸು, ತರಕಾರಿ, ಮೇಲೆ ಬರ್ಬೆರೆ. ಜೊತೆಗೆ ನಂಚಿಕೊಳ್ಳಲು ಗೊಚುಜಾಂಗ್. ಬೇರೆ ಇಬ್ಬರು ತಂದದ್ದೂ ಚೆನ್ನಾಗಿಯೇ ಇತ್ತೆಂದು ಹೇಳುತ್ತಾರೆ. ಆದರೆ ಸಾಹೇಬರು ಮೊದಲನೆಯ ಪಕೋಡ ಕಚ್ಚಿ, "ಮೊದಲು ಆ ಕಡೆಯಿಂದ ಬಂತು ಖಾರ, ಈಗ ಈ ಕಡೆಯಿಂದ ಬರ್ತಿದೆ," ಎಂದು ಕಣ್ಣೀರು ಸುರಿಸುತ್ತ ಇನ್ನೊಂದಕ್ಕೆ ಕೈ ಹಾಕಿದರಂತೆ. ನಾನು ನೋಡಲಿಲ್ಲ. ಆ ಹೊತ್ತಿನಲ್ಲಿ ನಾನು ಮನೆಯಲ್ಲಿ ಚಾವಣಿ ತೊಳೆಯುತ್ತಿದ್ದೆ.

ಶುಕ್ರವಾರ ಎರಡು ಆದೇಶ ಒಟ್ಟಿಗೆ ಬಂದವು. ಕ್ಯಾಂಟೀನು ನನ್ನ ಹೆಂಡತಿಗೆ. ನನಗೆ ಟಪಾಲು ವಿಭಾಗ, ಲಕೋಟೆಗೆ ಅಂಟು ಹಚ್ಚುವ ಕೆಲಸ. ಕೆಲಸವೇನೋ ಸುಲಭ, ಆದರೆ ಬೀದಿಯಲ್ಲಿ ನಾನು ಕೆಮ್ಮಿದರೆ 'ಔಷಧಿ ತಗೊಳ್ಳಿ' ಅನ್ನುತ್ತಾರೆ ಈಗ ಅಂಗಡಿಯವರು. ಹೆಂಡತಿ ಇಡೀ ವಾರ ಬೇಕಾದಷ್ಟೇ ಮಾತಾಡಿದಳು: ನೀರು, ಟವಲು, ಬಾಗಿಲು ಹಾಕಿ.

ಕ್ಯಾಂಟೀನು ಶುರುವಾದ ಮೊದಲ ದಿನ ಇಡೀ ಕಚೇರಿ ಸಾಲಿನಲ್ಲಿ ನಿಂತಿತ್ತು. ಸಾಹೇಬರೂ ಸಾಲಿನಲ್ಲೇ. ನಾನು ತಟ್ಟೆ ಹಿಡಿದು ಎಲ್ಲರ ಹಾಗೆ ಹೆಜ್ಜೆ ಹೆಜ್ಜೆ ಮುಂದೆ ಬಂದೆ. ಕೌಂಟರಿನ ಆಚೆ ಅವಳು, ಬೆವರಿದ ಹಣೆ, ಕೈಯಲ್ಲಿ ಜಾಲರಿ ಚಮಚ. ಪಕ್ಕದಲ್ಲಿ ಉಪ್ಪಿನ ಡಬ್ಬಿ ಅವಳ ಕೈಗೆ ಮಾತ್ರ ಸಿಗುವ ಹಾಗೆ. ಒಬ್ಬೊಬ್ಬರಿಗೆ ನಾಲ್ಕು ಪಕೋಡ, ಅದು ಅವಳ ನಿಯಮ. ನನ್ನ ಮುಂದೆ ನಿಂತಿದ್ದ ಸಾಹೇಬರಿಗೂ ನಾಲ್ಕೇ. ನನ್ನ ಮುಖ ನೋಡದೆಯೇ ನನ್ನ ತಟ್ಟೆಗೆ ಒಂದು, ಎರಡು, ಮೂರು, ನಾಲ್ಕು ಹಾಕಿದಳು. ಚಮಚ ಒಂದು ಕ್ಷಣ ನಿಂತಿತು. ಐದನೆಯದೂ ಬಿತ್ತು.

ನನ್ನ ಹಿಂದೆ ನಿಂತಿದ್ದ ರಿಜಿಸ್ಟರ್ ಮೇಡಂ ಕನ್ನಡಕವನ್ನು ಮೂಗಿಗಿಳಿಸಿದರು.

"ಇದೇನಮ್ಮಾ, ತೂಕ ಮತ್ತು ಅಳತೆ ಕಚೇರೀಲೇ ಒಬ್ಬರಿಗೆ ನಾಲ್ಕು, ಒಬ್ಬರಿಗೆ ಐದಾ?"

"ಬೇಕಾದ್ರೆ ಕೇಸ್ ಹಾಕಿ ಮೇಡಂ," ಎಂದಳು ನನ್ನ ಹೆಂಡತಿ, ಇಡೀ ಸಾಲಿಗೆ ಕೇಳುವ ಹಾಗೆ. "ಅವರು ನಮ್ಮನೆಯವರು."

ನಾನು ಗೋಡೆ ಪಕ್ಕದ ಮೇಜಿಗೆ ಹೋಗಿ ಕೂತು, ಐದನೆಯದನ್ನೇ ಮೊದಲು ತಿಂದೆ.